ಪರಂಗಿ ಹಣ್ಣು

ಕ್ಯಾಮೆರಾ ಜುಸಾರಾಳದು, ಮೈಕಿನ ಕೋಲು ನನ್ನದು.
ಹಲಸೂರಿನ ಹಿಂದೆ, ಗೌತಮಪುರದ ಒಂದು ಗಲ್ಲಿ:
ಕರೆಂಟು ಕಂಬಕ್ಕೆ ಹಳದಿ, ನಲ್ಲಿಕಟ್ಟೆಗೆ ಹಸಿರು,
ಅಂಗನವಾಡಿಯ ಗೋಡೆ ತುಂಬ
ಅವಳ ದೇಶದ ಬಾವುಟ.
ನಕ್ಷತ್ರ ಮಾತ್ರ ಎರಡು ಹೆಚ್ಚು.
ಎಣಿಸಿದಳು. ತಿದ್ದಲಿಲ್ಲ.

ಸಿಕ್ಕವರಿಗೆಲ್ಲ ಒಂದೇ ಪ್ರಶ್ನೆ,
ಬ್ರೆಜಿಲ್ ಅಂದರೆ ಏನು?
ನಾನು ಕನ್ನಡದಲ್ಲಿ ಕೇಳಿದೆ, ಉತ್ತರ ತಮಿಳಲ್ಲಿ ಬಂತು,
ಹರಕು ಇಂಗ್ಲಿಷಿನ ಬೊಗಸೆಯಲ್ಲಿ ಅವಳಿಗೆ ದಾಟಿಸಿದೆ.
ದಾಟುವಾಗ ಒಂದಿಷ್ಟು ಚೆಲ್ಲಿತು.

ಇಸ್ತ್ರಿ ಅಂಗಡಿಯ ಅರುಳಪ್ಪ
ಹಳದಿ ಜೆರ್ಸಿಗೆ ನೀರು ಚಿಮುಕಿಸುತ್ತ ಅಂದ:
"ನಮ್ಮಪ್ಪನ ಟೀಮು ಮೇಡಂ, ಅಷ್ಟೇ."
ಸಗಾಯಮೇರಿ: "ನಾಲ್ಕು ವರ್ಷಕ್ಕೊಂದು ಸಲ
ಗಂಡಸರು ನಮ್ಮೆದುರಿಗೇ ಅಳೋದು."
ಕದಿರ್, ಆರನೇ ಕ್ಲಾಸು, ತಿರುಗಿ ಕೇಳಿದ:
"ನಿಮ್ಮೂರಲ್ಲೂ ನಮ್ ಫ್ಲ್ಯಾಗ್ ಹಾಕ್ತಾರಾ?"
ಅವಳಿಗೆ ದಾಟಿಸುವ ಮೊದಲೇ
ನಾನು ಹೂಂ ಅಂದುಬಿಟ್ಟೆ.

ವಾಪಸ್ಸು ಬರುವಾಗ ಆಟೋದಲ್ಲಿ,
ಟ್ರಿನಿಟಿ ಸರ್ಕಲ್ಲಿನ ಕೆಂಪು ದೀಪದಡಿ, ಮೆಲ್ಲಗೆ:
ನಾನು ಫುಟ್‌ಬಾಲ್ ನೋಡೋದೇ ಇಲ್ಲ.
ಅಣ್ಣಂದಿರು ಟೀವಿ ಮುಂದೆ ಕಿರುಚುವಾಗ
ಬೆಲೆಮ್‌ನ ಮನೆಯಲ್ಲಿ ಪಾತ್ರೆ ತೊಳೆಯುತ್ತಿದ್ದವಳು ನಾನು.
ಇಲ್ಲಿ ಯಾರಿಗೂ ಹೇಳಬೇಡ.

ಮೈಕು ಆನ್ ಇತ್ತು.
ಆ ಮಾತು ಈಗಲೂ ನನ್ನ ಬಳಿ ಇದೆ,
ಹಿಂದಿನ ಬಸ್ಸಿನ ಹಾರ್ನಿನ ಸಮೇತ.

ಆ ರಾತ್ರಿ ಸೋತರು. ಪೆನಾಲ್ಟಿಯಲ್ಲಿ.
ಬೆಳಿಗ್ಗೆ ಅರುಳಪ್ಪ ಇದ್ದಿಲು ಹಚ್ಚಿರಲಿಲ್ಲ.
ಸಾವಿನ ಮನೆಗೆ ಬರುವ ಹಾಗೆ
ಒಬ್ಬೊಬ್ಬರೇ ಬಂದು ಜುಸಾರಾಳ ಕೈ ಹಿಡಿದರು,
ಮಾತಿಲ್ಲದೆ. ಅವಳಿಗೆ
ಮುಖ ಎಲ್ಲಿಡುವುದೋ ತಿಳಿಯಲಿಲ್ಲ.
ಸಗಾಯಮೇರಿ ಪರಂಗಿ ಹಣ್ಣು ಹೆಚ್ಚಿ,
ಉಪ್ಪು ಖಾರ ಉದುರಿಸಿ, ಸ್ಟೀಲ್ ತಟ್ಟೆ ಮುಂದಿಟ್ಟಳು:
"ತಿನ್ನಮ್ಮ. ಹೊಟ್ಟೆ ಏನು ತಪ್ಪು ಮಾಡಿತ್ತು?"

ಹಣ್ಣಿನ ಹೆಸರಿನ ಅರ್ಥ ಕೇಳಿದಳು.
ಹೊರಗಿನವರದು, ಹಡಗಲ್ಲಿ ಬಂದದ್ದು,
ನಿಮ್ಮ ಕಡೆಯಿಂದಲೋ ಏನೋ, ಅಂದೆ.
ನನ್ನನ್ನೂ ಹಾಗೇ ಕರೀತಾರಾ?
ಮೊದಲ ವಾರ ಕರೆದರು.

ಅಲ್ಲೇ ಕೂತು ಒಂದು ನಿಮಿಷದ ಮೌನ
ರೆಕಾರ್ಡ್ ಮಾಡಿದೆವು. ಎಡಿಟಿಂಗಿಗೆ ಬೇಕು,
ಒಂದೊಂದು ಮನೆಯ ಮೌನಕ್ಕೆ ಒಂದೊಂದು ಬಣ್ಣ.
ಇಪ್ಪತ್ತನೇ ಸೆಕೆಂಡಿಗೆ ಕುಕ್ಕರ್ ಕೂಗಿತು.
ಮತ್ತೆ ಶುರು ಮಾಡಿದೆ.
ಮತ್ತೆ ಕೂಗಿತು.

ನಮ್ಮ ಕುಕ್ಕರ್ ಕೂಗಲ್ಲ, ಅಂದಳು ಪಿಸುದನಿಯಲ್ಲಿ,
ಅಮ್ಮ ಕರಿ ಕಾಳು ಬೇಯಿಸುವಾಗ ಬುಸುಗುಡುತ್ತಲೇ ಇರುತ್ತೆ,
ಪಕ್ಕದ ಬೀದಿಗೂ ಕೇಳುವಂತೆ.
ಆಮೇಲೆ: ಆ ಪ್ರಶ್ನೆಯನ್ನು ಚಿತ್ರದಿಂದ ತೆಗೆ.
ಇದನ್ನು ಇಡು.

ಒಳಗಿನಿಂದ ಯಾರದೋ ಗಂಟಲು:
"ಎತ್ತನೆ ಆಚ್ಚು?"
ಅನುವಾದಕ್ಕೆ ನಾನು ಬಾಯಿ ತೆರೆಯುವಷ್ಟರಲ್ಲಿ
ಜುಸಾರಾ, ಬಾಯಿ ತುಂಬ ಹಣ್ಣು,
ಎರಡು ಬೆರಳು ಎತ್ತಿದಳು.