ಬಾಗಿಲು ಎಲ್ಲಿತ್ತು

ಸೀಮೆಸುಣ್ಣ ತಂದವಳು ನಾನು. ನನ್ನ ಪಾಲು ಅಷ್ಟೇ,
ಮತ್ತೊಂದು ಕ್ಯಾಮೆರಾ, ಕುತೈಸಿಯಿಂದ ಅರ್ಧ ಗಂಟೆಯ ವ್ಯಾನಿನ ಬಾಡಿಗೆ.
ತ್ಸ್ಕಾಲ್ತೂಬೊದ ಈ ಆರೋಗ್ಯಧಾಮದಲ್ಲಿ ಹಿಂದೆ
ಗಣಿಯ ಆಳುಗಳು ಮಂಡಿನೋವಿಗೆ ಬಿಸಿನೀರಲ್ಲಿ ಕೂತೇಳುತ್ತಿದ್ದರಂತೆ,
ಸಂಜೆಯಾದರೆ ಇದೇ ಹಾಲಿನಲ್ಲಿ ಕುಣಿಯುತ್ತಿದ್ದರಂತೆ.
ಯುದ್ಧ ಬಂತು. ಅಬ್ಖಾಜಿಯಾದಿಂದ ಎದ್ದು ಬಂದವರಿಗೆ
ಎರಡು ವಾರ ಇಲ್ಲಿರಿ ಎಂದರು.
ಮೂವತ್ತು ವರ್ಷವಾಯಿತು.

ಬಿಟ್ಟು ಬಂದ ಮನೆಯನ್ನು ಈ ನೆಲದ ಮೇಲೆ ಬರೆಯಿರಿ, ಎಂದೆ,
ಇದ್ದಷ್ಟೇ ಅಳತೆಯಲ್ಲಿ.

ಮೊದಲ ದಿನ ಯಾರೂ ಬಗ್ಗಲಿಲ್ಲ.
ಇದಕ್ಕೆ ದುಡ್ಡು ಕೊಡೋದು ಯಾರು? ಗುಗೂಲಿ ಕೇಳಿದಳು.
ಹೇಳಿದೆ.
ನಿನಗೆಷ್ಟು?
ಅದನ್ನೂ ಹೇಳಿದೆ, ಸ್ವಲ್ಪ ತಡವಾಗಿ.
ಹಾಗಾದರೆ ದಿನಕ್ಕೆ ನಮಗೂ ಅಷ್ಟೇ.
ನನ್ನ ಒಪ್ಪಿಗೆಪತ್ರ ಮಡಿಸಿ ಒಲೆಗೆ ಇಟ್ಟು
ಬೇರೊಂದು ಬರೆದಳು, ಗಣಿತದ ಮೇಷ್ಟ್ರಾಗಿದ್ದ ಕೈ,
ಕಲಮು ಮೂರು: ಯಾರಾದರೂ ಅತ್ತರೆ ಕ್ಯಾಮೆರಾ ಕೆಳಗೆ.

ಓತಿಯಾ ಹೆಜ್ಜೆ ಎಣಿಸಿ ಅಳೆದ.
ಒಲೆಯಿಂದ ಕಿಟಕಿಗೆ ಏಳು.
ಆದರೆ ಅದು ಮೂವತ್ತೊಂದು ವರ್ಷದ ಕಾಲು,
ಈ ಕಾಲಿಗೆ ಅರವತ್ತೆರಡು.
ಏಳನ್ನು ಒಂಬತ್ತು ಮಾಡಿದ, ಅಂಗಿಯ ತೋಳಿನಿಂದ ಒರೆಸಿದ,
ಎಂಟಕ್ಕೆ ನಿಂತ, ಅಲ್ಲೇ ಸಿಗರೇಟು ಹಚ್ಚಿದ.
ಮನೆಯೊಳಗೆ ಸೇದಬೇಡ ಎಂದಳು ಹೆಂಡತಿ.
ಎದ್ದು ಗೆರೆಯಾಚೆ ಹೋದ.

ಜುಜುನಾ, ಮಾಕ್ವಾಲಾ ಅಕ್ಕತಂಗಿ, ಒಂದೇ ಮನೆಯವರು.
ಬಾಗಿಲು ದಾಳಿಂಬೆ ಗಿಡದ ಕಡೆಗಿತ್ತು.
ಇಲ್ಲ, ರಸ್ತೆಗೆ. ಅಪ್ಪ ಬೂಟು ಕೊಡವುತ್ತಿದ್ದದ್ದು ರಸ್ತೆ ಕಡೆ.
ಅದು ಹಳೇ ಮನೆ!
ನಿನಗೆ ಆಗ ಹಲ್ಲೇ ಬಂದಿರಲಿಲ್ಲ!
ಜಗಳ ಜಾರ್ಜಿಯನ್ ಬಿಟ್ಟು ಮಿಂಗ್ರೇಲಿಯನ್‌ಗೆ ಇಳಿಯಿತು,
ನನಗೆ ಕಾಲುಭಾಗ ಅರ್ಥ, ಮೈಕಿಗೆ ಪೂರ್ತಿ.
ಎರಡು ಬಾಗಿಲು ಬರೆದರು, ಒಂದೇ ಗೋಡೆಗೆ ಬೆನ್ನು ಮಾಡಿ.

ಆಗ ಕೇಳಿದೆ ನಾನು, ಕೇಳಬೇಕಾದ್ದೇ ಎಂಬಂತೆ,
ಆ ರಾತ್ರಿ ಓಡಿದ್ದು ಯಾವ ಬಾಗಿಲಿಂದ?

ಸೀಮೆಸುಣ್ಣ ನಿಂತಿತು.
ಮೇಲಿನ ಮಹಡಿಯಲ್ಲಿ ಯಾರೋ ಬಕೆಟ್ಟು ಎಳೆದರು.
ಕಿಟಕಿಯಿಂದ, ಎಂದಳು ತಂಗಿ.
ಅಕ್ಕ ತಲೆ ಹಾಕಿದಳು.
ಇಬ್ಬರೂ ಒಪ್ಪಿದ್ದು ಅದೊಂದನ್ನೇ.
ಕಲಮು ಮೂರು ನೆನಪಿತ್ತು. ಕ್ಯಾಮೆರಾ ಇಳಿಸಿದೆ.
ಅವರು ಅಳಲಿಲ್ಲ.

ಉಚಾನಿಗೆ ಒಂಬತ್ತು ವರ್ಷ. ಬಿಟ್ಟು ಬಂದ ಮನೆ ಇಲ್ಲ.
ಮೂನ್ನೂರ ಹದಿನಾಲ್ಕನೇ ಕೋಣೆ ಬರೆದ,
ಉದ್ದಕ್ಕೆ ನಾಲ್ಕು ಹೆಜ್ಜೆ, ಕಿಟಕಿಯಿಂದ ಹೊರಗೆ ಬಿಟ್ಟ ಒಲೆಯ ಕೊಳವೆ,
ಬಾಲ್ಕನಿಗೆ ಹಾಕಿದ ಹಳೇ ಬಸ್ಸಿನ ಗಾಜು,
ಅಜ್ಜಿಯ ಮಂಚ, ಅದರ ಕೆಳಗೆ ಕೋಳಿ.
ಇದು ಬಿಟ್ಟು ಬಂದದ್ದಲ್ಲವಲ್ಲೋ, ಯಾರೋ ನಕ್ಕರು.
ಮಾರ್ಚಿಗೆ ಬಿಡ್ತೀವಲ್ಲ, ಎಂದ.
ಕಟ್ಟಡ ಮಾರಾಟವಾಗಿದೆ, ಹೋಟೆಲ್ ಆಗುತ್ತದೆ,
ಅದು ಗೊತ್ತಿದ್ದವರೇ ಎಲ್ಲ.
ಗುಗೂಲಿ ಸೆರಗಿಲ್ಲದ ಕೈಗೆ ಏಪ್ರನ್ ಹುಡುಕಿದಳು, ಮೂಗೊರೆಸಿಕೊಂಡಳು,
ಸುಣ್ಣ ಇನ್ನೂ ಇದೆಯಾ ಎಂದಳು.

ಆ ವಾರ ಎರಡನೇ ಸುತ್ತು. ಮನೆಗಳ ಒಳಗೆ ಕೋಣೆಗಳು,
ಬಿಳಿಯ ಮೇಲೆ ನೀಲಿ,
ಸಮುದ್ರದ ಕಿಟಕಿ ತೆರೆದರೆ ಸಾಮೂಹಿಕ ಶೌಚದ ಸಾಲು.

ರಾಜಧಾನಿಯ ಗ್ಯಾಲರಿಯಲ್ಲಿ ಚಿತ್ರಗಳು ತೂಗಿದವು.
ಕಲಮು ಏಳರಂತೆ ಹೆಸರುಗಳು ಅಕ್ಷರಮಾಲೆಯ ಕ್ರಮದಲ್ಲಿ,
ನನ್ನದು ಹದಿನೇಳನೆಯದು.
ಒಬ್ಬರು ಕೇಳಿದರು, ಇವರಿಗೆ ಇದರಿಂದ ಏನಾಯಿತು?
ಹದಿನೇಳನೆಯವಳು ಏನು ಹೇಳಲಿ.
ಮಾರ್ಚಿನ ಬದಲು ಜೂನ್ ಆಯಿತು. ಅದೂ ನಮ್ಮಿಂದಲೋ, ಗೊತ್ತಿಲ್ಲ.

ಮೇ ತಿಂಗಳಲ್ಲಿ ಹಾರ್ಡ್ ಡಿಸ್ಕ್ ಕೊಡಲು ಹೋದೆ.
ಗೆರೆಗಳು ಮಾಸಿದ್ದವು. ಮಾಕ್ವಾಲಾ ನೀರು ಹೊತ್ತು
ನೆಟ್ಟಗೆ ಬರಬಹುದಾದಲ್ಲಿ ಎರಡು ಸಲ ತಿರುಗಿ ಬಂದಳು,
ತನ್ನ ಬಾಗಿಲಿಂದ, ಅಕ್ಕನದಲ್ಲ.
ನಾನು ಅವಸರದಲ್ಲಿ ಹೆಜ್ಜೆ ಇಟ್ಟೆ.

ಗೋಡೆ, ಎಂದಳು.

ಹಿಂದೆ ಸರಿದೆ. ಸುತ್ತಿಕೊಂಡು ಹೋದೆ.