ಅಡಿಗೆರೆ

ಬೀದರಿನ ಪಶು ಆಸ್ಪತ್ರೆ, ಹಿಂದಿನ ಖೋಲಿ.
ನಳದಲ್ಲಿ ನೀರು ಹನಿಹನಿ, ಬೇಸಿನ್ನಿನ ತುಂಬ ಗಿಮ್ಸಾ ನೀಲಿ.
ನನ್ನ ಬೆರಳ ತುದಿಯಿಂದ ಆ ಬಣ್ಣ
ಹನ್ನೊಂದು ವರ್ಷದಿಂದ ಹೋಗಿಲ್ಲ.
ನಾನು ರೊಟ್ಟಿ ತಟ್ಟಿದರೆ ಅತ್ತೆ ಮೊದಲು ಕೈ ನೋಡುತ್ತಾರೆ.

ಇವತ್ತಿನ ಗಾಜು: ದೇವಣಿ ಆಕಳು, ಆರು ವರ್ಷ,
ಔರಾದ ತಾಲ್ಲೂಕು, ಗಡಿಗೆ ಎರಡೇ ಹೊಲ.
ಕಿವಿಯಿಂದ ತೆಗೆದ ರಕ್ತ, ನೀರಾಗಿದೆ,
ಎಳೆಯುವ ಮೊದಲೇ ಓಡುತ್ತದೆ.
ಜ್ವರ ನೂರಾ ಐದು. ಕಣ್ಣೊಳಗೆ ಅರಿಸಿನ.
ಉಚ್ಚೆ ಕೆಂಪಿಲ್ಲ ಎಂದು ಬರೆದಿದ್ದಾರೆ ಡಾಕ್ಟರು,
ಅಂದರೆ ಅವರಿಗೆ ಆಗಲೇ ಗುಮಾನಿ.

ಎಣ್ಣೆಯ ಹನಿ, ನೂರರ ಲೆನ್ಸು.
ಒಣಹಾಕಿದ ಬೇಳೆಯ ಹಾಗೆ ಕಣಗಳು, ನಡುನಡುವೆ ಬಯಲು.
ಕೆಲವದರ ಅಂಚಿಗೆ, ಸರಿಯಾಗಿ ಅಂಚಿಗೇ,
ಒಂದೊಂದು ಕರಿ ಚುಕ್ಕೆ,
ತಾಟಿನ ಬದಿಗೆ ಅಂಟಿ ಉಳಿದ ಸಾಸಿವೆ.
ಎಣಿಸಿದೆ. ನೂರಕ್ಕೆ ಹದಿನಾಲ್ಕು.

ಚೀಟಿಯ ಮೇಲೆ ಬರೆದೆ: ಅನಾಪ್ಲಾಸ್ಮಾ ಮಾರ್ಜಿನಾಲೆ.
ಮೊದಲ ಪದಕ್ಕೆ ದೊಡ್ಡಕ್ಷರ, ಎರಡನೆಯದಕ್ಕೆ ಸಣ್ಣದು,
ಅಚ್ಚಿನಲ್ಲಾದರೆ ಓರೆ, ಕೈಬರಹದಲ್ಲಾದರೆ ಅಡಿಗೆರೆ,
ಎರಡು ಪದಕ್ಕೆ ಎರಡು, ಒಂದಕ್ಕೊಂದು ತಾಗದ ಹಾಗೆ.
ಡಿಪ್ಲೊಮಾದಲ್ಲಿ ಇದಕ್ಕೇ ಎರಡು ಅಂಕ ಹೋಗಿದ್ದವು;
ಕನ್ನಡದಲ್ಲಿ ದೊಡ್ಡಕ್ಷರ ಎಲ್ಲಿಂದ ತರಲಿ ಸರ್
ಎಂದು ಕೇಳಿದ್ದಕ್ಕೆ ಇನ್ನೊಂದು.

ಬಾಗಿಲಲ್ಲಿ ಆಕಳಿನಾಕೆ.
ಕೈಯಲ್ಲಿ ಬಾಮಿನ ಶೀಶೆ, ಒಳಗೆ ಔಡಲ ಬೀಜದಂಥ ಉಣ್ಣಿಗಳು,
ಇನ್ನೂ ಕಾಲಾಡಿಸುತ್ತಿವೆ.
(ಲ್ಯಾಟಿನ್ನಿನವರು ಔಡಲಕ್ಕೇ ಉಣ್ಣಿಯ ಹೆಸರಿಟ್ಟರು. ಇರಲಿ.)
'ಕೆಚ್ಚಲ ಸಂದ್ಯಾಗಿಂದ ಕಿತ್ತೀನ್ರಿ. ಏನ್ ಬ್ಯಾನಿ ಇದು? ಹೆಸರೇನು?'
ಹೇಳಿದೆ.
ಬಾಯಲ್ಲಿ ಹೊರಳಿಸಿ ನೋಡಿದಳು:
'ಅನಾ... ಪಳಸಮ್ಮ. ಯಾವೂರ ದೇವಿ?'

ದೇವಿ ಅಲ್ಲವ್ವ. ಅನ್ ಅಂದ್ರ ಇಲ್ಲ.
ಪ್ಲಾಸ್ಮಾ ಅಂದ್ರ ಮೈಗಟ್ಟಿದ್ದು. ಮೈಯೇ ಇಲ್ಲದ್ದು.
ಮಾರ್ಜಿನಾಲೆ, ಅಂಚಿನ್ಯಾಗ ಕುಂತದ್ದು.
'ಮೈ ಇಲ್ಲದ್ದು ನನ್ನ ಆಕಳ ಮೈ ಹ್ಯಾಂಗ ತಿಂತು?'

ಇದನ್ನು ಯಾವ ಪರೀಕ್ಷೆಯಲ್ಲೂ ಕೇಳಿರಲಿಲ್ಲ.
ಮೊದಲು ನೋಡಿದವರಿಗೆ, ಅಂದೆ, ಬರೀ ಚುಕ್ಕೆ ಕಂಡಿತ್ತು,
ಅದರ ಸುತ್ತ ಮೈ ಕಾಣಲಿಲ್ಲ, ಹಾಗಂತ ಇಟ್ಟುಬಿಟ್ಟರು.
ಆಮೇಲೆ ದೊಡ್ಡ ಯಂತ್ರ ಬಂತು. ಮೈ ಇತ್ತು.
ಒಂದು ಚುಕ್ಕೆಯೊಳಗೆ ನಾಕಾರು ಮೈ, ಒತ್ತಿಕೊಂಡು.
ಹೆಸರು ಮಾತ್ರ ಹಾಗೇ ನಿಂತಿತು.
ತಪ್ಪು ಅಂತ ಗೊತ್ತಾದರೂ, ಒಮ್ಮೆ ಇಟ್ಟದ್ದನ್ನು
ಅಷ್ಟಕ್ಕೇ ತೆಗೆಯುವ ಹಾಗಿಲ್ಲ. ಕಾಯ್ದೆ ಅದು.

ಆಕೆ ನಕ್ಕಳು, ಎದುರಿನ ಎರಡು ಹಲ್ಲಿಲ್ಲ.
'ನನ್ನ ಹೆಸರ ಬರ್ಕೊಂಡ್ರಲ್ಲ, ಓದ್ರಿ.'
ನಕೂಸಾಬಾಯಿ.
ಗಡಿಯ ಮರಾಠಿ, ಬೀದರಿನವರಿಗೆ ಬಿಡಿಸಿ ಹೇಳಬೇಕಿಲ್ಲ:
ಬ್ಯಾಡಾದಾಕಿ.
'ನಾಕನೇ ಹೆಣ್ಣು. ಇನ್ನ ಹುಟ್ಟಬಾರದಂತ ಇಟ್ರು.
ಹಿಂದಿಂದ ಮತ್ತೆರಡು ಹುಟ್ಟಿದ್ವು.
ಅಪ್ಪ ಹಾಸಿಗಿ ಹಿಡದಾಗ ಅಂಬಲಿ ಕುಡಿಸಿದಾಕಿ ನಾನೇ.
ನಕೂಸಾ, ನೀರ ಕೊಡ, ಅಂತಿದ್ದ.
ಹಂಗೇ ಅಂತಿದ್ದ, ಕಡೀತನಕ.'

ಹೊರಗೆ ಡಾಕ್ಟರ ದನಿ: ರಿಪೋರ್ಟ್ ಏನಾಯ್ತು?
ಹಳದಿ ಸೂಜಿಮದ್ದು ಸಿರಿಂಜಿನಲ್ಲಿ ಏರುತ್ತಿರಬೇಕು.
ಆಕೆ ಬಗ್ಗಿ ಚೀಟಿ ನೋಡಿದಳು, ಓದಲು ಬಾರದವಳು,
ಗೆರೆಗಳ ಮೇಲೆ ಉಗುರಿಟ್ಟಳು.
'ಇದಕ್ಯಾಕ ಕೆಳಗ ಗೀಟು?'
ಬೇರೆ ಭಾಷೆಯ ಹೆಸರು ಅಂತ ಗುರುತು.
'ನಂದೂ ಬ್ಯಾರೆ ಭಾಷಾದ್ದೇ ಅಲ್ರಿ.'

ಮಾಲೀಕರು ಎಂಬ ಕಡೆ, ನಕೂಸಾಬಾಯಿಯ ಅಡಿಗೆ
ನೀಲಿ ಪೆನ್ನಿನಿಂದ ಒಂದು ಗೆರೆ.
ನಿಯಮದಲ್ಲಿಲ್ಲ. ಕೈ ಸ್ವಲ್ಪ ಸೊಟ್ಟಗಾಯಿತು.

ಉಣ್ಣಿಗಳನ್ನು ಸ್ಪಿರಿಟ್ಟಿಗೆ ಸುರಿದೆ.
ಆಕೆ ಕೈ ಚಾಚಿಯೇ ನಿಂತಿದ್ದಳು:
'ಶೀಶಾ ಕೊಡ್ರಿ ಬಾಯಿ, ಮುಚ್ಚಳ ಛಲೋ ಅದ.'