ಸದ್ದಿನ ದೀಪ

ಬೆಟಗೇರಿಯ ತುಳಜಣಸಾ ಬಾಕಳೆ
ನಲವತ್ತೊಂದು ಸಿನಿಮಾಕ್ಕ ಸಂಗೀತ ಕೊಟ್ಟಾನ.
ಒಂದರಾಗೂ ಹೀರೋ ಇಲ್ಲ.
ಸೊಳ್ಳಿ ಅದಾವ, ಸಣ್ಣ ಉಳಿತಾಯ ಐತಿ,
ಜೋಳದ ಹೊಸ ತಳಿ ಐತಿ, ಕಾಲುವಿ ಐತಿ,
ಎಡಕ್ಕ ಕೈಮುಗಿದು ಬಲಕ್ಕ ಹೋಗೋ ಒಬ್ಬ ಮಂತ್ರಿ.

ಸರಕಾರಿ ಫಿಲ್ಮ್ ಶಾಖೆ, ದರ್ಜೆ ಮೂರು, ಹಂಗಾಮಿ.
ಪಿಟೀಲಿನ ತಂತಿ ಹರಿದರ ಮೂರು ಕೊಟೇಶನ್ ತರಬೇಕು.
ತಂತಿ ಬರೂದ್ರಾಗ
ಕಾಲುವಿಗೆ ನೀರು ಬಂದು ಆರಿ ಹೋಗಿರತಿತ್ತು.
ಜೋಗಿಯಾ ಹಾಕಿದ್ದಕ್ಕ ಕಮಿಟಿ ಬರೀತು ಕಡತದಾಗ:
"ಸದರಿ ರಾಗವು ದುಃಖದಿಂದ ಕೂಡಿದ್ದು ಯೋಜನೆಗೆ ಹೊಂದುವುದಿಲ್ಲ.
ಹರ್ಷದಾಯಕ ರಾಗವೊಂದನ್ನು ಏಳು ದಿನಗಳೊಳಗೆ ಸಲ್ಲಿಸತಕ್ಕದ್ದು."
ಸಲ್ಲಿಸಿದ. ಮೂರು ಪ್ರತಿ.

ಮ್ಯಾಲೆ ಒಂದು ನಿಯಮ:
ಧ್ವನಿ ಬಂತಂದ್ರ ಸಂಗೀತ ತಗ್ಗಬೇಕು.
ಧ್ವನಿ ಯಾವಾಗಲೂ ಬರತಿತ್ತು.
"ನಮ್ಮ ನಾಡು ಇಂದು..." ಅಂತ ಶುರುವಾದರ ಸಾಕು,
ಸಾಹೇಬರ ಜೀಪಿಗೆ ದಾರಿ ಬಿಟ್ಟ ಸೈಕಲ್‌ನಂಗ
ಇವನ ಕೊಳಲು ರಸ್ತಾ ಇಳದು ಮುಳ್ಳಿನಾಗ ನಿಲ್ಲತಿತ್ತು.
ಇಪ್ಪತ್ತೇಳು ವರ್ಷದ ನೌಕರಿಯೊಳಗ
ಅವನೊಬ್ಬನ್ನs ಕೇಳೂವಂಥಾದ್ದು, ನಾ ಲೆಕ್ಕ ಹಾಕೇನಿ,
ಹದಿನಾರು ನಿಮಿಷ ಚಿಲ್ಲರ.

ನಾ ಯಾರಂದ್ರ, ವ್ಯಾನಿನಾಂವ.
ಗದಗ, ಹಾವೇರಿ ಇನ್ನೂ ಧಾರವಾಡ ಜಿಲ್ಲಾದಾಗ ಇದ್ದಾಗ
ಶಾಲಿ ಗ್ವಾಡಿಗೆ ಪರದೆ ಕಟ್ಟಿ ತೋರಿಸಾಂವ.
ಅವನ ಹೆಸರು ನನಗ ಗೊತ್ತಿರಲಿಲ್ಲ.
ಹೆಸರು ಬರೂ ಮುಂದ ನಾ ಇನ್ನೂ
ಫೋಕಸ್ ಸರಿ ಮಾಡಕೋತ ಇರತಿದ್ದೆ.

ಮೋಟೆಬೆನ್ನೂರಾಗ, ಮೆಣಸಿನಕಾಯಿ ಒಣಗೋ ಕಾಲ,
ಘಾಟಿಗೆ ಊರಿಗೂರs ಸೀನತಿತ್ತು.
ಮಲೇರಿಯಾ ಚಿತ್ರದ ನಡುವ ಟಪ್ ಅಂತ ಬಲ್ಬು ಹೋತು.
ಪ್ರೊಜೆಕ್ಟರಿಗೆ ಎರಡು ದೀಪ:
ಚಿತ್ರದ್ದು ದೊಡ್ಡದು. ಸದ್ದಿಂದು ಒಳಗ, ಅವರಿಕಾಳಷ್ಟು.
ದೊಡ್ಡದು ಸತ್ತಿತ್ತು. ಸಣ್ಣದು ಉರೀತಿತ್ತು.
ಧ್ವನಿಯಾಂವನೂ ಅಲ್ಲೇ ಉಸಿರು ತಗೊಂಡಿದ್ದ, ಏನೋ ಪುಣ್ಯ.
ಕತ್ತಲದಾಗ ಬಂತು:
ಲಾಳಿ ಆಕಡೆ, ಲಾಳಿ ಈಕಡೆ, ಮಗ್ಗದ ಸದ್ದು,
ಅದರೊಳಗ ಸಾರಂಗಿಯ ಒಂದs ಎಳಿ.
(ಕಮಿಟಿ ಬ್ಯಾಡಂದ ಜೋಗಿಯಾ ಅದು, ಆಮ್ಯಾಲೆ ತಿಳೀತು,
ಔಷಧಿ ಹೊಡಿಯೋ ಪಂಪಿನ ಬೆನ್ನಿಗೆ ಮುಚ್ಚಿಟ್ಟಿದ್ದ.)
ಕಂದೀಲು ತರಾಕ ಓಡಿದ ಹುಡುಗ ನಿಂತ.
ನಾ ಗುಂಡಿ ಒತ್ತಬೇಕಿತ್ತು. ಒತ್ತಲಿಲ್ಲ.

ಹೋದ ತಿಂಗಳ ಬೆಟಗೇರಿಗೆ ಹೋಗಿ ಹೇಳಿದೆ.
ತಮ್ಮನ ಮಗ್ಗದ ಮನಿಯಾಗ ಕಂಡಿಕಿ ಸುತ್ತಕೋತ ಕುಂತಿದ್ದ.
ರೀಲೆಲ್ಲಾ ಬೆಳ್ಳಿ ತಗಿಯಾಕ ತೂಕಕ್ಕ ಹಾಕ್ಯಾರಂತ,
ಅದನ್ನೂ ಹೇಳಿದೆ. ಅದಕ್ಕೇನೂ ಅನಲಿಲ್ಲ.
"ಮೋಟೆಬೆನ್ನೂರಾಗ ಎಷ್ಟು ಸೆಕೆಂಡು ಕೇಳಿಸ್ತು?"
ಇಪ್ಪತ್ತಿರಬೇಕು, ಅಂದೆ.
"ಇಪ್ಪತ್ತೆರಡು," ಅಂದ.
ನೂಲು ಹರೀತು. ಉಗುಳು ಹಚ್ಚಿ ಹೊಸೆದು ಗಂಟು ಹಾಕಿದ.
ಆಮ್ಯಾಲೆ, ನನ್ನ ಮಾರಿ ನೋಡದs:
"ನಡುವ ಯಾರರ ಸೀನಿದ್ರೇನು?"